ತೊಂಬತ್ತಾರು ದಿನಗಳ ಕಾರಣ

2016ರ ಜನವರಿಯಲ್ಲಿ ನಾನು ಕೊಲ್ಹಾಪುರದ ಒಂದು ಪೊಲೀಸ್ ಕಚೇರಿಯಲ್ಲಿ ಇನ್ಸ್‌ಪೆಕ್ಟರ್ ಆಗಿದ್ದೆ. ನಿವೃತ್ತಿಗೆ ಮೂರು ವರ್ಷ ಉಳಿದಿತ್ತು. ಠಾಣೆಯ ಜವಾಬ್ದಾರಿ ತೆಗೆದು ಮೇಜಿನ ಕೆಲಸಕ್ಕೆ ಹಾಕಿದ್ದರು. ಅದರಲ್ಲಿ ಮುಖ್ಯವಾದದ್ದು ಇಲಾಖಾ ವಿಚಾರಣೆ, ನಮ್ಮ ಬಾಯಲ್ಲಿ ಡಿ.ಇ. ಸಿಬ್ಬಂದಿಯ ಮೇಲೆ ಆರೋಪ ಬಂದರೆ ಶಿಕ್ಷೆ ಕೊಡುವ ಮೊದಲು ಒಬ್ಬ ಅಧಿಕಾರಿ ಎರಡೂ ಕಡೆಯ ಮಾತು ಕೇಳಿ, ಆರೋಪ ಸಾಬೀತಾಯಿತೋ ಇಲ್ಲವೋ ಎಂದು ವರದಿ ಕೊಡಬೇಕು. ಶಿಕ್ಷೆ ಯಾವುದೆಂದು ನಿರ್ಧರಿಸುವವರು ಎಸ್.ಪಿ. ಸಾಹೇಬರು. ವಿಚಾರಣಾಧಿಕಾರಿಯ ಕೈಯಲ್ಲಿರುವುದು ಕಾಗದ ಮಾತ್ರ. ಅಂಥ ವಿಚಾರಣೆಗಳನ್ನು ನಾನು ಇಪ್ಪತ್ತರ ಮೇಲೆ ಮಾಡಿದ್ದೇನೆ. ಬಹಳಷ್ಟು ಜನರ ಮುಖವೂ ಈಗ ನೆನಪಿಲ್ಲ. ಒಬ್ಬನದು ಮಾತ್ರ ಬಿಟ್ಟು ಹೋಗುತ್ತಿಲ್ಲ.

ನೆನಪಿನ ಬಗ್ಗೆ ಮೊದಲೇ ಹೇಳಿಬಿಡುತ್ತೇನೆ. ನಾನು ಇತಿಹಾಸದಲ್ಲಿ ಎಂ.ಎ. ಮಾಡಿದವನು. ಕಣ್ಣಾರೆ ಕಂಡದ್ದನ್ನೇ ಸಾಕ್ಷಿಗಳು ಆರು ತಿಂಗಳಲ್ಲಿ ಬೇರೆ ಮಾಡಿ ಹೇಳುವುದನ್ನು ಮೂವತ್ತು ವರ್ಷ ಕೇಳಿದವನು. ಅವರು ಸುಳ್ಳು ಹೇಳುತ್ತಿದ್ದರು ಅಂತಲ್ಲ. ಅವರಿಗೆ ಅದು ಹಾಗೆಯೇ ನೆನಪಿರುತ್ತಿತ್ತು. ಅದಕ್ಕೇ ನಾನು ದಿನವೂ ಡೈರಿ ಬರೆಯುತ್ತಿದ್ದೆ. ಆ ವರ್ಷದ ಡೈರಿ ಈಗಲೂ ಪಕ್ಕದಲ್ಲಿದೆ. ಆದರೆ ಈ ಪ್ರಕರಣದ ಮುಖ್ಯವಾದ ಎರಡು ದಿನಗಳಿಗೆ ಅದು ಕೆಲಸಕ್ಕೆ ಬರುವುದಿಲ್ಲ. ಯಾಕೆ ಎಂಬುದು ಮುಂದೆ ಗೊತ್ತಾಗುತ್ತದೆ. ಹೆಸರುಗಳನ್ನು ಬದಲಿಸಿದ್ದೇನೆ.

ಆರೋಪಿ ಕಾನ್‌ಸ್ಟೆಬಲ್ ನೇಮಗೊಂಡ. ವಯಸ್ಸು ನಲವತ್ತಮೂರು, ಸೇವೆ ಹತ್ತೊಂಬತ್ತು ವರ್ಷ. ಗಡಹಿಂಗ್ಲಜ ಕಡೆಯ ಜೈನ ಒಕ್ಕಲು ಮನೆತನದವನು. ಆರೋಪ ಸರಳ. 2015ರ ಆಗಸ್ಟ್ 20ರಿಂದ ನವೆಂಬರ್ 23ರವರೆಗೆ, ಒಟ್ಟು 96 ದಿನ, ಅನುಮತಿ ಇಲ್ಲದೆ ಕರ್ತವ್ಯಕ್ಕೆ ಗೈರುಹಾಜರು. ಅದರ ನಡುವೆ ಗಣೇಶೋತ್ಸವದ ಬಂದೋಬಸ್ತ್ ಬಂದಿತ್ತು. ಆ ದಿನಗಳಲ್ಲಿ ಕೊಲ್ಹಾಪುರದಲ್ಲಿ ಯಾವ ಪೊಲೀಸನಿಗೂ ರಜೆ ಇರುವುದಿಲ್ಲ. ಅವನು ಹದಿನೈದು ದಿನದ ರಜೆ ಕೇಳಿದ್ದ. ಅರ್ಜಿಯಲ್ಲಿ ಕಾರಣ ಎಂಬಲ್ಲಿ ‘ಮನೆಯ ಕೆಲಸ’ ಎಂದು ಮಾತ್ರ ಇತ್ತು. ರಜೆ ಸಿಗಲಿಲ್ಲ, ಅವನು ಹೋದ. ಮರಳಿ ಬಂದ ದಿನವೇ ಅಮಾನತು ಮಾಡಿದ್ದರು. ಹಿಂದೆಯೂ ಎರಡು ಸಲ, ಒಂಬತ್ತು ದಿನ ಮತ್ತು ಹದಿನಾಲ್ಕು ದಿನ, ಹೇಳದೆ ಹೋಗಿದ್ದಕ್ಕೆ ವೇತನ ಬಡ್ತಿ ನಿಂತಿತ್ತು.

ಇಷ್ಟೇ ಆಗಿದ್ದರೆ ಸಾಧಾರಣ ಪ್ರಕರಣ. ಅವನ ಮೇಲೆ ಭಾರವಾಗಿ ಬಿದ್ದದ್ದು ಒಂದು ರಸೀದಿ. ಹೋಗುವ ಹಿಂದಿನ ದಿನ, ಆಗಸ್ಟ್ 19ರ ಮಧ್ಯಾಹ್ನ, ಅವನು ಮುಖ್ಯಾಲಯದ ಉಗ್ರಾಣಕ್ಕೆ ಹೋಗಿ ಎರಡು ಜೊತೆ ಸಮವಸ್ತ್ರ, ಟೋಪಿ, ಪಟ್ಟಾ, ಸೀಟಿ, ಲಾಠಿ ಎಲ್ಲವನ್ನೂ ಒಪ್ಪಿಸಿ ರಸೀದಿ ಪಡೆದಿದ್ದ. ಯಾರೂ ಕೇಳಿರಲಿಲ್ಲ. ರಜೆಗೆ ಹೋಗುವವರು ಅವನ್ನೆಲ್ಲ ಮನೆಯಲ್ಲೇ ಇಟ್ಟು ಹೋಗುತ್ತಾರೆ. ಹೀಗೆ ಒಪ್ಪಿಸಿ ಹೋದದ್ದಕ್ಕೆ ಇಲಾಖೆ ಮಾಡಿದ ಅರ್ಥ ಒಂದೇ: ಇವನು ಮರಳಿ ಬರುವ ಮನಸ್ಸಿಲ್ಲದೆ, ಎಲ್ಲ ಯೋಚಿಸಿ, ಬಂದೋಬಸ್ತ್ ತಪ್ಪಿಸಿ ಹೋದವನು.

ನನ್ನ ರೈಟರ್ ಜಾಧವ್, ಅಂದರೆ ವಿಚಾರಣೆಯ ಕಾಗದ ಬರೆಯುವ ಹೆಡ್ ಕಾನ್‌ಸ್ಟೆಬಲ್, ಆ ರಸೀದಿಯನ್ನು ಬೆಳಕಿಗೆ ಹಿಡಿದು ನೋಡಿ ನಕ್ಕ. ಗಡಹಿಂಗ್ಲಜದಲ್ಲಿ ಹತ್ತು ವರ್ಷ ಇದ್ದು ಕನ್ನಡ ಕಲಿತ ಮರಾಠಿಯವನು.

“ಸಾಹೇಬ, ಮೂವತ್ತ ವರ್ಷ ನೌಕ್ರಿ ಆತು ನಂದು. ಓಡಿಹೋಗಾಂವ ಪಾವತಿ ತಗೊಂಡ ಹೋಗಿದ್ದು ಕಧೀ ನೋಡಿಲ್ರಿ. ಇಂವಾ ಪ್ರಾಮಾಣಿಕ ಕಳ್ಳ.”

ಮೊದಲ ವಿಚಾರಣೆ ಜನವರಿ ಕೊನೆಗೆ ನಡೆಯಿತು. ನೇಮಗೊಂಡ ಬಿಳಿ ಅಂಗಿ ಹಾಕಿಕೊಂಡು ಬಂದ. ಎತ್ತರದ ಆಳು, ಭುಜ ಮುಂದಕ್ಕೆ ಬಾಗಿದ್ದವು. ಆರೋಪಪತ್ರವನ್ನು ಮರಾಠಿಯಲ್ಲಿ ಓದಿ ಹೇಳಿದ ಮೇಲೆ ನಾನು ಕನ್ನಡದಲ್ಲೇ ಕೇಳಿದೆ.

“ಒಪ್ಪಿಗಿ ಐತೇನು?”

“ಗೈರುಹಾಜರಿ ಇದ್ದದ್ದು ಖರೆ ಐತ್ರಿ, ಸಾಹೇಬ್ರ. ಒಪ್ಪಿಗಿ.”

“ತೊಂಬತ್ತಾರ ದಿನ ಎಲ್ಲಿದ್ದಿ? ಯಾಕ ಹೋದಿ?”

“ಅದರ ಮ್ಯಾಲ ನಂದೇನೂ ಹೇಳಿಕಿ ಇಲ್ರಿ.”

ಬೇರೆ ರೀತಿಯಲ್ಲಿ ಕೇಳಿದೆ, ಅದೇ ಉತ್ತರ. ಹೆದರಿದವನ ಹಾಗಿರಲಿಲ್ಲ, ಸೊಕ್ಕಿನವನ ಹಾಗೂ ಇರಲಿಲ್ಲ. ಬಸ್ಸಿನಲ್ಲಿ ಪಕ್ಕದ ಸೀಟಿನವನು ಮಾತಾಡಿಸಿದರೆ ಬೇಡವೆನ್ನುವ ಮನುಷ್ಯನ ಹಾಗೆ ಕೂತಿದ್ದ. ‘ಕಾರಣ ನೀಡಿಲ್ಲ’ ಎಂದು ಜಾಧವ್ ಬರೆದ. ನಾನು ಸಹಿ ಮಾಡಿದೆ.

ಇಲ್ಲಿ ನಮ್ಮ ಇಲಾಖೆಯ ಒಂದು ಬಳಕೆಯನ್ನು ಹೇಳಬೇಕು. ಗೈರುಹಾಜರಿಯ ಪ್ರಕರಣಗಳಲ್ಲಿ ಹೆಚ್ಚಿನವು ವೈದ್ಯರ ಸರ್ಟಿಫಿಕೇಟಿನಿಂದ ಮುಗಿಯುತ್ತವೆ. ಅದರಲ್ಲಿ ಬೆನ್ನುನೋವು ಇರುತ್ತದೆ, ಇಲ್ಲವೇ ಕಾಮಾಲೆ. ಎಲ್ಲರಿಗೂ ಎಲ್ಲ ಗೊತ್ತಿರುತ್ತದೆ. ಕಾಗದ ಇದ್ದರೆ ಶಿಕ್ಷೆ ಇಳಿಯುತ್ತದೆ, ಮನೆ ಉಳಿಯುತ್ತದೆ. ಎರಡನೆಯ ವಿಚಾರಣೆಯ ದಿನ ನಾನು ಜಾಧವನನ್ನು ಚಹಾ ತರಲು ಕಳಿಸಿ ನೇಮಗೊಂಡನಿಗೆ ಆ ದಾರಿ ತೋರಿಸಿದೆ. ತೋರಿಸಬಾರದಿತ್ತು. ತೋರಿಸಿದೆ.

“ನೋಡಪ್ಪಾ, ಕಾಮಾಲಿ ಆಗಿತ್ತು ಅಂತ ಒಂದು ಸರ್ಟಿಫಿಕೇಟ್ ಫೈಲಿಗೆ ಹಚ್ಚಿದ್ರ ಎಷ್ಟೋ ಹಗುರ ಆಗ್ತೈತಿ.”

“ನನಗ ಕಾಮಾಲಿ ಆಗಿದ್ದಿಲ್ರಿ.”

“ಆಗಿದ್ದಿಲ್ಲ ಅನ್ನೂದು ನನಗೂ ಗೊತ್ತೈತಿ.”

ಅವನು ಮೊದಲ ಸಲ ನಕ್ಕ. “ಸಾಹೇಬ್ರ, ನಮ್ಮ ಪೊಲೀಸ್ ಲೈನಿನ್ಯಾಗ ಆದಷ್ಟು ಕಾಮಾಲಿ ಸರ್ಕಾರಿ ದವಾಖಾನ್ಯಾಗೂ ಆಗಿರಾಕಿಲ್ಲ ಬಿಡ್ರಿ.” ನಗು ಅಲ್ಲಿಗೇ ನಿಂತಿತು. “ನನಗ ಸುಳ್ಳ ಹೇಳಾಕ ಬರಂಗಿಲ್ರಿ. ಬರಂಗಿಲ್ಲ ಅಂದ್ರ, ಇದರಾಗ ಹೇಳೂ ಹಂಗಿಲ್ರಿ.”

‘ಇದರಾಗ’ ಅಂದರೆ ಏನು ಎಂದು ನಾನು ಕೇಳುವ ಮೊದಲೇ ಜಾಧವ್ ಚಹಾದ ಕಿಟ್ಲಿ ಹಿಡಿದು ಒಳಗೆ ಬಂದ.

ಮೂರನೆಯ ತಾರೀಖಿಗೆ ನೇಮಗೊಂಡ ಬರಲಿಲ್ಲ. ಕಳಿಸಿದ ನೋಟೀಸು ಮರಳಿ ಬಂತು. ಅದರ ಮೇಲಿದ್ದ ವಿಳಾಸ ಇಚಲಕರಂಜಿಯ ಒಂದು ಓಣಿ, ಅವನ ತಂಗಿಯ ಮನೆ. ಅಮಾನತಿನಲ್ಲಿದ್ದಾಗ ಇರುವ ಜಾಗವೆಂದು ಅವನೇ ಬರೆದುಕೊಟ್ಟಿದ್ದ. ಇಂಥ ಸಂದರ್ಭದಲ್ಲಿ ಠಾಣೆಯ ಸಿಬ್ಬಂದಿಯನ್ನು ಕಳಿಸಿ ನೋಟೀಸನ್ನು ಬಾಗಿಲಿಗೆ ಅಂಟಿಸಿ, ವಿಚಾರಣೆಯನ್ನು ಅವನಿಲ್ಲದೆಯೇ ಮುಗಿಸಬಹುದು. ನಾನು ಹಾಗೆ ಮಾಡಲಿಲ್ಲ. ಫೆಬ್ರವರಿಯ ಒಂದು ಭಾನುವಾರ ನೋಟೀಸನ್ನು ಜೇಬಿನಲ್ಲಿಟ್ಟುಕೊಂಡು ಮೋಟಾರ್‌ಸೈಕಲ್ ಮೇಲೆ ನಾನೇ ಹೋದೆ. ವಿಚಾರಣಾಧಿಕಾರಿ ತಾನಾಗಿ ಆರೋಪಿಯ ಮನೆಗೆ ಹೋಗುವಂತಿಲ್ಲ. ಅವನು ನ್ಯಾಯಾಧೀಶನ ಹಾಗೆ, ಮುಂದೆ ಬಂದದ್ದನ್ನು ಮಾತ್ರ ನೋಡಬೇಕು, ತಾನೇ ಸಾಕ್ಷಿಯಾಗಬಾರದು. ಆಗ ನನಗೆ ನಾನೇ ಹೇಳಿಕೊಂಡದ್ದು, ಪಾಪ ಅವನ ಅವಕಾಶ ತಪ್ಪಬಾರದು ಅಂತ. ಈಗ ಅನಿಸುವುದು, ಅದು ಬರೀ ಕುತೂಹಲ. ಹೆಂಡತಿ ಗಡಹಿಂಗ್ಲಜದ ಶಾಲೆಯಲ್ಲಿ ಶಿಕ್ಷಕಿಯಾಗಿದ್ದಳು. ನಾನು ಕೊಲ್ಹಾಪುರದ ಸರ್ಕಾರಿ ಕ್ವಾರ್ಟರ್ಸಿನಲ್ಲಿ ಒಬ್ಬನೇ. ಭಾನುವಾರ ಮಾತಾಡಲು ಯಾರೂ ಇಲ್ಲದವನಿಗೆ ಇನ್ನೊಬ್ಬನ ಮೌನ ಬಹಳ ದೊಡ್ಡದಾಗಿ ಕೇಳಿಸುತ್ತದೆ.

ಆ ಓಣಿಯ ಎರಡೂ ಬದಿಗೆ ಪವರ್‌ಲೂಮ್ ಶೆಡ್ಡುಗಳು. ಮಗ್ಗಗಳ ಸಪ್ಪಳದಲ್ಲಿ ನನ್ನ ಗಾಡಿ ನಿಂತಿದೆಯೋ ಚಾಲೂ ಇದೆಯೋ ನನಗೇ ತಿಳಿಯಲಿಲ್ಲ. ಬಾಗಿಲು ತೆರೆದವಳು ನೇಮಗೊಂಡನ ತಂಗಿ ಸುನಂದಾ. ನಾನು ಯಾರೆಂದು ಹೇಳಿದೆ. ನೇಮಗೊಂಡ ಮನೆಯಲ್ಲಿರಲಿಲ್ಲ. ಅವಳು ಹೊಸ್ತಿಲು ಬಿಟ್ಟು ಸರಿಯಲಿಲ್ಲ.

“ಯಾರನ್ನ ಒಯ್ಯಾಕ ಬಂದೀರಿ? ಅಣ್ಣನ್ನೋ, ನನ್ನೋ? ಮನಿಯವರು ಶೆಡ್ಡಿಗೆ ಹೋಗ್ಯಾರ, ಕರಸ್ಲೇನು? ಒಮ್ಮೆಲೆ ಮೂವರನ್ನೂ ಒಯ್ಯೂದಾಗ್ತೈತಿ.”

ಮಗ್ಗದ ಓಣಿಯವರು ಗಟ್ಟಿಯಾಗಿ ಮಾತಾಡುತ್ತಾರೆ. ಗುಟ್ಟಿನ ಮಾತನ್ನೂ ಹಾಗೆಯೇ ಆಡುತ್ತಾರೆ, ಪಕ್ಕದವರಿಗೆ ಹೇಗೂ ಕೇಳಿಸುವುದಿಲ್ಲ. ಯಾರನ್ನೂ ಒಯ್ಯಲು ಬಂದಿಲ್ಲ, ಒಂದು ಸಹಿ ಬೇಕು ಎಂದು ನಾನೂ ಕೂಗಿ ಹೇಳಿದೆ. ಅವಳಿಗೆ ನಂಬಿಕೆ ಬರಲಿಲ್ಲ.

“ಖರೆ ಹೇಳ್ರಿ. ಅವ್ವನ ಸಲವಾಗಿ ಬಂದೀರಿ ಹೌದಲ್ಲೋ?”

ಹೀಗೆ, ನಾನು ಕೇಳದೆಯೇ, ಕಾರಣ ಹೊರಗೆ ಬಂತು.

ಈ ಮನೆಯಲ್ಲೇ ಇದ್ದ ಅವರ ತಾಯಿಗೆ ಎಂಬತ್ತೊಂದು ವರ್ಷ. ವಾಸಿಯಾಗದ ಕಾಯಿಲೆ. 2015ರ ಜುಲೈ ಕೊನೆಗೆ ಅವಳು ಮುನಿಗಳೊಬ್ಬರ ಒಪ್ಪಿಗೆ ಪಡೆದು ಸಲ್ಲೇಖನ ವ್ರತ ತೊಟ್ಟಳು. ಬದುಕು ಮುಗಿಯುತ್ತ ಬಂದಿದೆ ಎಂದು ತಿಳಿದಾಗ ಆಹಾರವನ್ನು ಹಂತಹಂತವಾಗಿ ಬಿಡುತ್ತ, ಎಲ್ಲರ ಕ್ಷಮೆ ಕೇಳಿ, ಶಾಂತವಾಗಿ ದೇಹ ಬಿಡುವ ಜೈನರ ವ್ರತ ಅದು. ವ್ರತ ತೊಟ್ಟ ಎರಡು ವಾರದೊಳಗೆ ಬೇರೊಂದು ರಾಜ್ಯದ ಹೈಕೋರ್ಟು ಇಂಥ ಮರಣ ಆತ್ಮಹತ್ಯೆಗೆ ಸಮ, ನೆರವಾದವರು ಪ್ರಚೋದನೆಯ ಅಪರಾಧಿಗಳು ಎಂಬ ತೀರ್ಪು ಕೊಟ್ಟಿತು. ತಿಂಗಳು ಮುಗಿಯುವುದರೊಳಗೆ ಸುಪ್ರೀಂ ಕೋರ್ಟು ಅದಕ್ಕೆ ತಡೆ ಕೊಟ್ಟಿತು. ಪತ್ರಿಕೆ ಓದುವವರಿಗೆ ಅದು ಹದಿನೈದು ಇಪ್ಪತ್ತು ದಿನಗಳ ಸುದ್ದಿ. ಆ ಮನೆಯಲ್ಲಿ ಮಾತ್ರ ತಾಯಿ ಹಾಸಿಗೆಯಲ್ಲಿದ್ದಳು, ಮಗ ಪೊಲೀಸ್.

“ಬೀಗರು ಬರೂದ ನಿಲ್ಲಿಸಿದ್ರು,” ಎಂದಳು ಸುನಂದಾ. “ಅವ್ವ ಮಾತ್ರ, ನನ್ನ ನೇಮ್ಯಾ ಬಾಜೂಕ ಕೂಡಬೇಕು ಅಂದ್ಳು. ಹತ್ತೊಂಬತ್ತ ವರ್ಷ ಹಬ್ಬ ಅಂದ್ರ ಬಂದೋಬಸ್ತ್, ದೀಪಾವಳಿ ಅಂದ್ರ ಬಂದೋಬಸ್ತ್, ಊರಿನ ಗಣಪತಿ ಎಲ್ಲಾ ಅವನ ಕಾಯಬೇಕಂತ. ಈಗರ ನನ್ನ ಕಾಯ್ಲಿ ಅಂದ್ಳು.”

ಎದುರಿನ ಶೆಡ್ಡಿನವರು ಮುದುಕಿಗೆ ತ್ರಾಸಾಗಬಾರದೆಂದು ಕೊನೆಯ ವಾರದಲ್ಲಿ ಮಗ್ಗ ನಿಲ್ಲಿಸಿದ್ದರಂತೆ. ಇದನ್ನು ಹೇಳುವಾಗ ಸುನಂದಾಳ ಮುಖ ಸ್ವಲ್ಪ ಸಡಿಲಾಯಿತು.

“ಸಪ್ಪಳ ನಿಂತಿದ್ದಕ್ಕ ಅವ್ವಗ ನಿದ್ದೀನ ಬರಲಿಲ್ರಿ. ಚಾಲೂ ಮಾಡಂತ ಹೇಳ್ರೇ, ನನ್ನ ಸಲವಾಗಿ ಅವರ ಹೊಟ್ಟಿ ಮ್ಯಾಲ ಯಾಕ ಹೊಡಿತೀರಿ ಅಂದ್ಳು. ಮಗ್ಗ ಚಾಲೂ ಆದ್ವು, ಕಣ್ಣು ಮುಚ್ಚಿದ್ಳು. ನಿದ್ದಿ ಹತ್ತಿತು ಅಂತ ಅಣ್ಣ ನಕ್ಕ. ಆಮ್ಯಾಲ ಎರಡ ದಿನಕ್ಕ, ನವೆಂಬರದಾಗ, ಹೋದ್ಳು.”

ವ್ರತ ತೊಟ್ಟ ದಿನ ಆ ತಾಯಿ ಮಕ್ಕಳಿಂದ ಒಂದು ಮಾತು ತೆಗೆದುಕೊಂಡಿದ್ದಳು: ನನ್ನ ವ್ರತದ ಹೆಸರಿನಲ್ಲಿ ಯಾರೂ ಸುಳ್ಳು ಹೇಳಬಾರದು. ಹಾಗಾಗಿ ಕಾಮಾಲೆಯ ಸರ್ಟಿಫಿಕೇಟು ಅವನಿಗೆ ಮುಚ್ಚಿದ ದಾರಿ. ನಿಜ ಹೇಳಿದರೆ ಅದು ಸರ್ಕಾರಿ ಕಾಗದದ ಮೇಲೆ ಹೋಗುತ್ತದೆ. ತಂಗಿ, ಅವಳ ಗಂಡ, ಒಪ್ಪಿಗೆ ಕೊಟ್ಟ ಮುನಿಗಳು ಎಲ್ಲರೂ ಕಾಗದದಲ್ಲಿ ಬರುತ್ತಾರೆ. ಉಳಿದದ್ದು ಬಾಯಿ ಮುಚ್ಚಿಕೊಂಡಿರುವುದು. ಹತ್ತೊಂಬತ್ತು ವರ್ಷದ ನೌಕರಿ, ಮುಂದಿನ ಪಿಂಚಣಿ, ಹೆಂಡತಿ ಮಗಳು ಇರುವ ಲೈನಿನ ಮನೆ, ಎಲ್ಲವೂ ಆ ಮುಚ್ಚಿದ ಬಾಯಿಯ ಮೇಲೆ ನಿಂತಿತ್ತು.

ಈ ಭೇಟಿಯ ಬಗ್ಗೆ ನನ್ನ ಡೈರಿಯಲ್ಲಿರುವುದು ಇಷ್ಟು: ‘ಇಚಲಕರಂಜಿ. ಬಿಸಿಲು. ಗಾಡಿಗೆ ಪೆಟ್ರೋಲ್.’ ಅಧಿಕಾರಿಯ ಡೈರಿಯನ್ನು ಯಾವಾಗ ಬೇಕಾದರೂ ಕೋರ್ಟು ತರಿಸಬಹುದು ಎಂಬ ಭಯಕ್ಕೆ ನಾನು ಅಲ್ಲಿಯೂ ಬರೆಯಲಿಲ್ಲ. ನನ್ನ ನೆನಪಿನಲ್ಲಿ ಅಂದು ಜೋರು ಮಳೆ. ಸುನಂದಾ ಮಳೆಯ ಆಚೆ ನಿಂತು ಮಾತಾಡುತ್ತಿದ್ದಾಳೆ. ಫೆಬ್ರವರಿಯಲ್ಲಿ ಇಚಲಕರಂಜಿಗೆ ಎಲ್ಲಿಯ ಮಳೆ? ಮಗ್ಗದ ಸಪ್ಪಳವೇ ಈ ವರ್ಷಗಳಲ್ಲಿ ನನ್ನೊಳಗೆ ಮಳೆಯಾಗಿರಬೇಕು. ಹಾಗಾದರೆ ಅವಳ ಮಾತುಗಳಲ್ಲಿ ಎಷ್ಟು ಅವಳವು, ಎಷ್ಟು ನಾನು ತುಂಬಿಕೊಂಡವು? ಪ್ರಾಮಾಣಿಕವಾಗಿ ಹೇಳಲಾರೆ. ಎದುರಿನ ಮಗ್ಗ ನಿಂತ ಕಥೆ ಮಾತ್ರ ನನ್ನದಲ್ಲ. ಅಂಥದ್ದನ್ನು ಹುಟ್ಟಿಸುವ ಶಕ್ತಿ ನನಗಿಲ್ಲ.

ಮುಂದಿನ ಭಾನುವಾರ ನಾನು ಗಡಹಿಂಗ್ಲಜದ ಮನೆಯಲ್ಲಿದ್ದೆ. ಬೆಳಗ್ಗೆ ಹತ್ತರ ಸುಮಾರಿಗೆ ನೇಮಗೊಂಡ ಬಂದ. ಹೆಂಡತಿ ಉಪ್ಪಿಟ್ಟು ಕೊಟ್ಟಳು, ಅವನು ಮುಟ್ಟಲಿಲ್ಲ, ನೀರು ಕುಡಿದ. ಅವಳು ಒಳಗೆ ಹೋದ ಮೇಲೆ ಹೇಳಿದ.

“ತಂಗಿ ಎಲ್ಲಾ ಹೇಳ್ಯಾಳ್ರಿ. ಸಿಟ್ಟಿಗೇರಿ ಬೈದೇನಿ ಆಕೀಗೆ. ಆಕೀದೂ ತಪ್ಪಿಲ್ಲ ಬಿಡ್ರಿ. ಡ್ರೆಸ್ ಇಲ್ಲದ ಬಂದ ಪೊಲೀಸನ್ನ ನೋಡಿದ್ರ ಮಂದಿ ಹೆಚ್ಚ ಅಂಜತಾರ.”

“ಡ್ರೆಸ್ ಯಾಕ ಒಪ್ಪಿಸಿ ಹೋದಿ? ಅದ ನಿನ್ನ ಕುತ್ತಿಗಿಗೆ ಬಂದೈತಿ.”

ಅವನು ನೀರಿನ ಲೋಟ ಬದಿಗಿಟ್ಟ. “ಡ್ರೆಸ್ ಮೈಮ್ಯಾಲ ಇದ್ರ ಕಂಡದ್ದನ್ನ ಠಾಣೇಕ ತಿಳಿಸಬೇಕಾಗ್ತೈತಿ ಅಲ್ರಿ? ಹಜೇರಿ ಪಟದಾಗ ನನ್ನ ಹೆಸರಿಲ್ಲ, ಸರ್ಕಾರದ ಒಂದ ಗುಂಡೀನೂ ನನ್ನ ಹತ್ರ ಇಲ್ಲ ಅಂದ್ರ, ನಾ ಬರೇ ಅವ್ವನ ಮಗಾ. ಹಂಗ ತಿಳದಿದ್ನಿ. ಅದಕ್ಕ ನಡುವ ಒಂದ ದಿನಾನೂ ಹಾಜರಾಗಲಿಲ್ರಿ. ಒಮ್ಮೆ ಹಾಜರಾದ್ರ ಮತ್ತ ಪೊಲೀಸ್ ಆಗ್ತಿದ್ನಿ.”

ಹತ್ತೊಂಬತ್ತು ವರ್ಷ ಪೊಲೀಸ್ ಆಗಿದ್ದವನು ಮಾತ್ರ ಮಾಡಬಹುದಾದ ತಪ್ಪು ಅದು. ಬೇರೆ ಯಾರಾದರೂ ಆಗಿದ್ದರೆ ಹಾಜರಿ ಹಾಕಿ, ಸಿಕ್ಕಿದ ರಜೆ ಹಾಕಿ, ಹೇಗೋ ನಿಭಾಯಿಸುತ್ತಿದ್ದರು. ಇವನು ಪಟ್ಟಾ ಬಿಚ್ಚಿಕೊಟ್ಟರೆ ಕಾನೂನು ತನ್ನನ್ನು ಬಿಟ್ಟುಬಿಡುತ್ತದೆ ಎಂದು ನಂಬಿದ್ದ. ನಾನು ನಿಯಮ ಹೇಳಿದೆ: ರಜೆಯಲ್ಲಿರಲಿ, ಗೈರುಹಾಜರಿರಲಿ, ಪೊಲೀಸ್ ನೌಕರ ಸದಾ ಕರ್ತವ್ಯದಲ್ಲಿದ್ದಾನೆ ಎಂದೇ ಕಾನೂನು ಎಣಿಸುತ್ತದೆ.

ಅವನು ನನ್ನ ಮುಖ ನೋಡಿದ. “ಸದಾ?”

“ಸದಾ.”

“ಹಂಗಾರ ತೊಂಬತ್ತಾರ ದಿನಾನೂ ನಾ ಡ್ಯೂಟಿ ಮ್ಯಾಲ ಇದ್ನಿ ಅನ್ರಿ. ಮತ್ತ ಈ ಕೇಸ್ ಯಾತರದ್ರಿ, ಸಾಹೇಬ್ರ?”

ಇಬ್ಬರೂ ನಕ್ಕೆವು. ಒಳಗಿನಿಂದ ಹೆಂಡತಿ ಇಣುಕಿದಳು. ಆಮೇಲೆ ನಾನು ಗಂಭೀರವಾಗಿ ಹೇಳಿದೆ: ಈಗ ಸುಪ್ರೀಂ ಕೋರ್ಟಿನ ತಡೆ ಇದೆ, ಹೆದರಬೇಡ, ನಿಜವನ್ನು ಹೇಳಿಕೆಯಲ್ಲಿ ಕೊಡು, ನಾನು ಬರೆದುಕೊಳ್ಳುತ್ತೇನೆ.

“ತಡೆ ಅಂದ್ರ ತಡೆ ಅಷ್ಟ ರಿ. ಕಡೀ ತೀರ್ಪ ಅಲ್ಲ. ನಾಳೆ ತಡೆ ಎತ್ತಿದ್ರ? ನಾ ಠಾಣೆದಾಗ ಕಾಗದ ಹೊತ್ತಾಂವ ಅದೇನ್ರಿ. ಕಾಗದ ಒಮ್ಮೆ ಹುಟ್ಟಿತಂದ್ರ ಸಾಯಂಗಿಲ್ಲ. ತಂಗಿಗೆ ಎರಡ ಹುಡುಗ್ರು. ಮುನಿ ಮಹಾರಾಜರು ಬರಿಗಾಲಿಲೆ ಊರೂರು ತಿರಗಾವ್ರು, ಅವರನ್ನ ಸ್ಟೇಶನ್ ಮೆಟ್ಟಲಾ ಹತ್ತಸ್ಲ್ಯಾ? ನೌಕ್ರಿ ಹೋದ್ರ ನಂದೊಬ್ಬಂದ ಹೋಗ್ತೈತಿ. ನೀವು ಬರೀಬ್ಯಾಡ್ರಿ.”

ನಾನು ಮಾತು ಕೊಟ್ಟೆನೋ ಇಲ್ಲವೋ? ತಲೆಯಾಡಿಸಿದೆ ಅನಿಸುತ್ತದೆ. ಅವನು ಅದನ್ನು ಮಾತೆಂದೇ ತಿಳಿದು, ಕೈ ಮುಗಿದು, ನೋಟೀಸಿಗೆ ಸಹಿ ಮಾಡಿ ಹೋದ. ಡೈರಿಯ ಆ ಪುಟದಲ್ಲಿ ‘ನಲ್ಲಿ ರಿಪೇರಿ’ ಎಂದಿದೆ. ಯಾರು ಬಂದಿದ್ದರೆಂದು ಹೆಂಡತಿ ಕೇಳಿದ್ದಕ್ಕೆ ಕಚೇರಿಯ ಕೆಲಸ ಎಂದೆ. ಮೂವತ್ತು ವರ್ಷದಲ್ಲಿ ಅವಳಿಂದ ಮುಚ್ಚಿಟ್ಟ ಮೊದಲ ಕಚೇರಿಯ ಕೆಲಸ ಅದು.

ಮುಂದಿನ ದಿನಗಳು ವಿಚಿತ್ರವಾಗಿದ್ದವು. ಕ್ಯಾಂಟೀನಿನಲ್ಲಿ ನೇಮಗೊಂಡನ ಬಗ್ಗೆ ಮಾತು ಬರುತ್ತಿತ್ತು. ಇಚಲಕರಂಜಿಯಲ್ಲಿ ಅವನಿಗೆ ಇನ್ನೊಬ್ಬಳಿದ್ದಾಳೆ ಎಂದು ಒಬ್ಬ, ಶೆಡ್ಡಿನಲ್ಲಿ ಪಾಲು ಹಾಕಿದ್ದಾನೆ ಎಂದು ಇನ್ನೊಬ್ಬ. ಜಾಧವ್ ಮೊದಲಿನವರ ಪಕ್ಷ. “ಬಾಯಿಮಾಣೂಸ್ ಇರ್ಲಿಕ್ಕೆ ಬೇಕ್ರಿ ಸಾಹೇಬ, ಗಂಡಸು ಇಷ್ಟ ಸುಮ್ಮನ ಇರೂದು ಅದಕ್ಕಽ,” ಎನ್ನುತ್ತಿದ್ದ. ಮೇಜಿನ ಸುತ್ತ ಎಲ್ಲರೂ ನಗುತ್ತಿದ್ದರು. ನಿಜ ಗೊತ್ತಿದ್ದವನು ನಾನೊಬ್ಬನೇ. ನಾನೂ ಅವರ ಜೊತೆ ನಗುತ್ತಿದ್ದೆ, ನಗದೆ ಇದ್ದರೆ ಯಾಕೆ ಎಂದು ಕೇಳುತ್ತಾರೆ. ಕ್ವಾರ್ಟರ್ಸಿಗೆ ಬಂದು ಸ್ಟೋವ್ ಮೇಲೆ ಅನ್ನಕ್ಕೆ ಇಟ್ಟು ಅದು ಸೀದುಹೋಗುವವರೆಗೂ ಗೋಡೆ ನೋಡುತ್ತ ಕೂತದ್ದಿದೆ.

ವರದಿ ಹನ್ನೊಂದು ಪುಟವಾಯಿತು. ಮಾರ್ಚ್ ಕೊನೆಗೆ ಕೊಟ್ಟೆ. ಆರೋಪ ಸಾಬೀತು. ಆರೋಪಿ ಕಾರಣ ನೀಡಿಲ್ಲ. ಉಗ್ರಾಣದ ರಸೀದಿಯ ಬಗ್ಗೆ ನಾನು ಬರೆದ ವಾಕ್ಯ ಈಗಲೂ ಬಾಯಿಪಾಠವಿದೆ: ‘ಸರ್ಕಾರಿ ಸಾಮಗ್ರಿಗಳನ್ನು ಮೊದಲೇ ಒಪ್ಪಿಸಿರುವುದರಿಂದ ಗೈರುಹಾಜರಿ ಪೂರ್ವಯೋಜಿತವೆಂದು ಕಂಡುಬರುತ್ತದೆ.’ ಪ್ರತಿಯೊಂದು ಶಬ್ದವೂ ನಿಜ. ಅದನ್ನು ಬರೆದ ದಿನ ನಾನು ಊಟ ಮಾಡಿದೆನೋ ಇಲ್ಲವೋ ನೆನಪಿಲ್ಲ. ಮಾಡಲಿಲ್ಲ ಎಂದು ಬರೆಯಲು ಆಸೆಯಾಗುತ್ತದೆ, ಬರೆಯುವುದಿಲ್ಲ.

ಏಪ್ರಿಲ್‌ನಲ್ಲಿ ಎಸ್.ಪಿ. ಸಾಹೇಬರು ಕರೆದರು. ವಯಸ್ಸಿನಲ್ಲಿ ನನ್ನ ಮಗನಷ್ಟು, ಆದರೆ ಫೈಲನ್ನು ಪೂರ್ತಿ ಓದುವ ಮನುಷ್ಯ. ವರದಿ ಮುಂದಿತ್ತು.

“ಕಾರಣ ಕಾಯ್ ಹೋತಂ?” ಎಂದರು. ಕಾರಣ ಏನಿತ್ತು?

“ರೆಕಾರ್ಡಿನಲ್ಲಿ ಇಲ್ಲ ಸರ್,” ಎಂದೆ.

ಅವರು ಪೆನ್ನು ಕೆಳಗಿಟ್ಟರು. ಹತ್ತೊಂಬತ್ತು ವರ್ಷದ ಸೇವೆ, ಏನಾದರೂ ಕಾರಣವಿದ್ದರೆ ಕಡ್ಡಾಯ ನಿವೃತ್ತಿ ಕೊಟ್ಟು ಮುಗಿಸುತ್ತೇನೆ, ಪಿಂಚಣಿಯಾದರೂ ಉಳಿಯುತ್ತದೆ ಎಂದರು. ಕಾರಣವೇ ಇಲ್ಲದೆ ಬಂದೋಬಸ್ತ್ ಬಿಟ್ಟು ಹೋದವನಾದರೆ ಬಡತರ್ಫ್, ಅಂದರೆ ವಜಾ, ಉಳಿದವರು ನೋಡುತ್ತಿದ್ದಾರೆ. ಆಮೇಲೆ ಹೇಳಿದರು, ನಾನು ರೆಕಾರ್ಡನ್ನು ಕೇಳುತ್ತಿಲ್ಲ, ನಿಮ್ಮನ್ನು ಕೇಳುತ್ತಿದ್ದೇನೆ. ನಿಮಗೆ ಏನಾದರೂ ಹೇಳಿದನೇ?

ನನಗೆ ಆಗ ಹೊಳೆದದ್ದು ಎರಡೇ. ಹೌದು ಎಂದರೆ, ಏನು ಎಂದು ಕೇಳುತ್ತಾರೆ. ಅದನ್ನು ಎಲ್ಲಿ, ಯಾವಾಗ ತಿಳಿದುಕೊಂಡಿರಿ ಎಂದೂ ಕೇಳುತ್ತಾರೆ. ನಾನು ನಿಯಮ ಮೀರಿ ಆರೋಪಿಯ ಮನೆಗೆ ಹೋದದ್ದು ಬಯಲಾಗುತ್ತದೆ, ನಿವೃತ್ತಿಗೆ ಮೂರು ವರ್ಷವಿರುವಾಗ.

“ಇಲ್ಲ ಸರ್. ಹೇಳಿಲ್ಲ.”

ಅವರು ಪೆನ್ನು ಎತ್ತಿಕೊಂಡರು.

ಈ ಪ್ರಕರಣದಲ್ಲಿ ನೇಮಗೊಂಡ ಸುಳ್ಳು ಹೇಳಲಿಲ್ಲ, ಸುನಂದಾ ಹೇಳಲಿಲ್ಲ. ಇಡೀ ಫೈಲಿಗೆ ಒಂದೇ ಸುಳ್ಳು, ಅದೂ ಫೈಲಿನ ಹೊರಗೆ. ಅದು ನನ್ನದು.

ನಿಯಮದ ಪ್ರಕಾರ ಮೊದಲು ಕಾರಣ ಕೇಳುವ ನೋಟೀಸು ಹೋಯಿತು. ಅವನು ಉತ್ತರ ಕೊಡಲಿಲ್ಲ. ಜೂನ್‌ನಲ್ಲಿ ವಜಾ ಆದೇಶವನ್ನು ನನ್ನ ಕೋಣೆಯಲ್ಲೇ ಅವನಿಗೆ ಕೊಡಲಾಯಿತು. ಗುರುತಿನ ಚೀಟಿ ಮೇಜಿನ ಮೇಲಿಟ್ಟ. ಸಹಿ ಎಲ್ಲಿ ಮಾಡಬೇಕೆಂದು ಜಾಧವನನ್ನು ಕೇಳಿದ, ಮಾಡಿದ, ನನಗೆ ನಮಸ್ಕಾರ ಮಾಡಿ ಹೋದ. ಸೆಲ್ಯೂಟ್ ಹೊಡೆಯಲು ಕೈ ಅರ್ಧ ಎತ್ತಿ ಇಳಿಸಿದ. ಜಾಧವ್ ಬಾಗಿಲ ಕಡೆ ನೋಡುತ್ತ ಮರಾಠಿಯಲ್ಲಿ, “ಕಾಹೀಚ್ ಬೋಲಲಾ ನಾಹೀ,” ಎಂದ. ಏನೂ ಮಾತಾಡಲೇ ಇಲ್ಲ. ಆ ದಿನದಿಂದ ಜಾಧವ್ ಹೆಂಗಸಿನ ಕಥೆ ಹೇಳುವುದನ್ನು ಬಿಟ್ಟ. ಮೇಲ್ಮನವಿಗೆ ಅವಕಾಶವಿತ್ತು, ನೇಮಗೊಂಡ ಹಾಕಲಿಲ್ಲ. ಕಾರಣ ಬರೆಯದೆ ಮೇಲ್ಮನವಿ ಹಾಕುವುದು ಹೇಗೆ?

2019ರಲ್ಲಿ ನಾನು ನಿವೃತ್ತನಾದೆ. ಬೀಳ್ಕೊಡುಗೆಯಲ್ಲಿ ‘ಕಳಂಕವಿಲ್ಲದ ಸೇವೆ’ ಎಂದರು, ಶಾಲು ಹೊದಿಸಿದರು. ಪಿಂಚಣಿ ಒಂದನೇ ತಾರೀಖಿಗೆ ಸರಿಯಾಗಿ ಬರುತ್ತದೆ.

ಕಳೆದ ವರ್ಷ ಒಂದು ಮದುವೆಗೆಂದು ಇಚಲಕರಂಜಿಗೆ ಹೋದಾಗ ಆ ಓಣಿಯನ್ನು ಹುಡುಕಿಕೊಂಡು ಹೋದೆ. ಮೊದಲೇ ಹೋಗಬಹುದಿತ್ತು. ಶಿಫ್ಟ್ ಬದಲಾಗುವ ಹೊತ್ತು. ಸೈಕಲ್ಲು, ಮೋಟಾರ್‌ಸೈಕಲ್ಲುಗಳ ನಡುವೆ ನೇಮಗೊಂಡ ಅಂಗಿಯ ಮೇಲಿನ ನೂಲಿನ ಜುಂಗು ಕೊಡವುತ್ತ ಹೊರಗೆ ಬಂದ. ಭಾವನ ಶೆಡ್ಡಿನಲ್ಲಿ ನೂಲು ಸುತ್ತುವ ಯಂತ್ರಗಳನ್ನು ನೋಡಿಕೊಳ್ಳುತ್ತಾನೆ. ಕಿವಿ ಮಂದವಾಗಿದೆ. ಮಗಳು ನರ್ಸಿಂಗ್ ಓದುತ್ತಿದ್ದಾಳೆ. ನನ್ನನ್ನು ಗುರುತಿಸಿ, ಚಹಾದ ಅಂಗಡಿಗೆ ಕರೆದುಕೊಂಡು ಹೋದ.

ಇದನ್ನು ಬರೆಯಲೇ ಎಂದು ಕೇಳಿದೆ. ಬರೆಯಿರಿ, ಹೆಸರು ಬೇಡ ಎಂದ. ಬರೆಯಬೇಕಾದರೆ ಇನ್ನೊಂದು ವಿಷಯ ಅವನಿಗೆ ಗೊತ್ತಿರಬೇಕು ಎಂದು, ಎಸ್.ಪಿ. ಸಾಹೇಬರ ಕೋಣೆಯಲ್ಲಿ ನಡೆದದ್ದನ್ನು ಹೇಳಿದೆ. ಅವನ ಕಿವಿಗಾಗಿ ಗಟ್ಟಿಯಾಗಿ ಹೇಳಬೇಕಾಯಿತು. ಪಕ್ಕದ ಬೆಂಚಿನವರು ತಿರುಗಿ ನೋಡಿದರು.

ಅವನು ಚಹಾದ ಲೋಟವನ್ನು ಬೆಂಚಿನ ಮೇಲೆ ತಿರುಗಿಸುತ್ತ ಕೂತ. ಪಿಂಚಣಿಯ ಲೆಕ್ಕ ಹಾಕುತ್ತಿದ್ದಾನೆ ಎಂದುಕೊಂಡೆ. ಅದಲ್ಲ.

“ನಾ ನಿಮಗ ಹೇಳಿದ್ನೆಲ್ರಿ, ಸಾಹೇಬ್ರ,” ಎಂದ. ಸಿಟ್ಟಿರಲಿಲ್ಲ, ನಿಜವಾಗಿಯೂ ಅರ್ಥವಾಗದವನ ದನಿ. “ಗೊತ್ತೈತಿ, ಆದ್ರ ಹೇಳಂಗಿಲ್ಲ ಅಂದಿದ್ರ ಆಗ್ತಿದ್ದಿಲ್ಲೇನ್ರಿ?”

ನಾನು ಚಹಾದ ದುಡ್ಡು ಕೊಟ್ಟೆ. ಎರಡನೆಯ ಶಿಫ್ಟಿನ ಹುಡುಗಿಯೊಬ್ಬಳು ರಜೆಯಲ್ಲಿದ್ದಾಳೆ, ಅವಳ ಯಂತ್ರ ನೋಡಬೇಕು ಎಂದು ಅವನು ಎದ್ದ. ಊಟಕ್ಕೆ ಮನೆಗೆ ಬರಬೇಕೆಂದು ಕರೆದ. ಮದುವೆಯ ಊಟವಿದೆ ಎಂದೆ.

ಅದಾದ ಮೇಲೆ ಬಹಳ ಸಲ ಯೋಚಿಸಿದ್ದೇನೆ. ಸರ್, ಕಾರಣವಿದೆ, ಅದು ನನಗೆ ಗೊತ್ತು, ಅದನ್ನು ಹೇಳುವುದಿಲ್ಲ, ಅದು ಶಿಕ್ಷೆ ಇಳಿಸಲು ತಕ್ಕ ಕಾರಣ ಎಂದು ನನ್ನ ಮಾತಿನ ಮೇಲೆ ನಂಬಿ. ಇಷ್ಟೇ ಹೇಳಬೇಕಿತ್ತು. ಆ ಎಸ್.ಪಿ. ನಂಬುತ್ತಿದ್ದರೇನೋ. ನನಗೆ ಒಂದು ಮೆಮೋ ಸಿಗುತ್ತಿತ್ತು, ಒಂದು ವೇತನ ಬಡ್ತಿ ನಿಲ್ಲುತ್ತಿತ್ತು, ಶಾಲು ಹೊದಿಸುವಾಗ ಕಳಂಕದ ಮಾತು ಬಿಡುತ್ತಿದ್ದರು. ಅವನಿಗೆ ಪಿಂಚಣಿ ಉಳಿಯುತ್ತಿತ್ತು. ಅವನ ಗುಟ್ಟನ್ನು ಕಾಪಾಡಿದೆ ಎಂದು ಇಷ್ಟು ವರ್ಷ ನಾನು ನಂಬಿದ್ದೆ. ಅಂದು ಕಾಪಾಡಿದ್ದು ನಾನು ಒಂದು ಭಾನುವಾರ ಇಚಲಕರಂಜಿಗೆ ಹೋಗಿದ್ದ ಗುಟ್ಟನ್ನು.

ಮೂವತ್ತನಾಲ್ಕು ವರ್ಷದ ನೌಕರಿ ಕಲಿಸಿದ್ದು ಇಷ್ಟು: ಗೊತ್ತಿದ್ದರೂ ಹೇಳದಿರುವ ಹಕ್ಕು ಅಧಿಕಾರಿಗೂ ಇದೆ, ಆದರೆ ಅದರ ಬೆಲೆಯನ್ನು ಅವನೇ ಕೊಡಬೇಕು. ನಾನು ಅದನ್ನು ನೇಮಗೊಂಡನಿಂದ ಕೊಡಿಸಿದೆ.